ತಪ್ಪು ನಂಬರಿನ ಮನೆ

ಹೊನ್ನೆಮರಡು ಅಂದರೆ ನನ್ನ ಆಫೀಸಿನ ಗೆಳೆಯರಿಗೆಲ್ಲ ತೆಪ್ಪ, ಕಯಾಕು, ಲೈಫ್ ಜಾಕೆಟ್ಟು, ನಡುಗಡ್ಡೆಯಲ್ಲಿ ಟೆಂಟು. ಶುಕ್ರವಾರ ರಾತ್ರಿ ಬೆಂಗಳೂರಿನಲ್ಲಿ ತಾಳಗುಪ್ಪದ ರೈಲು ಹತ್ತಿ, ಶನಿವಾರ ನೀರಲ್ಲಿ ಬಿದ್ದು, ಭಾನುವಾರ ಫೋಟೋ ಹಾಕಿದರೆ ಆಯ್ತು. ನನಗೆ ಅದು ಅಜ್ಜಿಮನೆ ಕಡೆ. ಅವರು ಲೇಕ್ ಅನ್ನೋ ನೀರಿಗೆ ನಮ್ಮನೆಯಲ್ಲಿ ಮುಳುಗಡೆ ಅಂತಲೇ ಹೆಸರು. ‘ಮುಳುಗಡೆ ಹತ್ರ ಹೋಗ್ಬೇಡ’ ಅಂತ ಬೈಸಿಕೊಂಡು ಬೆಳೆದವನು ನಾನು.

ಒಂದು ಏಪ್ರಿಲ್ ಸಂಜೆ ಅಲ್ಲಿದ್ದೆ. ಗುಡುಗಿತು, ಕರೆಂಟು ಹೋಯಿತು. ಶರಾವತಿಯ ವಿದ್ಯುತ್ತಿಗಾಗಿ ಮುಳುಗಿದ ಊರಿನವರ ಮನೆಯಲ್ಲಿ ಕರೆಂಟು ಹೋಗೋದು ಹಳೇ ಜೋಕು, ಯಾರೂ ಈಗ ಅದಕ್ಕೆ ನಗೋದಿಲ್ಲ. ಮಾವನ ಇಬ್ಬರು ಮಕ್ಕಳು ಮೊಬೈಲ್ ನೆಟ್‌ವರ್ಕು ಸಿಗದೆ ಗಲಾಟೆ ಶುರು ಮಾಡಿದರು. ನನ್ನ ಲ್ಯಾಪ್‌ಟಾಪಿನಲ್ಲಿ ಒಂದಿಷ್ಟು ಹಳೇ ಮೂಕಿಚಿತ್ರಗಳಿದ್ದವು. ಜಗಲಿಯಲ್ಲಿ ಸ್ಟೂಲಿನ ಮೇಲೆ ಲ್ಯಾಪ್‌ಟಾಪ್ ಇಟ್ಟು ಒಂದನ್ನು ಹಾಕಿದೆ. ಅಜ್ಜಿಯನ್ನೂ ಕರೆದು ಕೂರಿಸಿದೆ. ಮಾತಿಲ್ಲದ ಸಿನಿಮಾ, ಬೀಳೋದು ಏಳೋದು ಅಷ್ಟೇ, ಅಜ್ಜಿಗೂ ಅರ್ಥ ಆಗುತ್ತೆ ಅಂತ ನನ್ನ ಲೆಕ್ಕ. ಆ ಲೆಕ್ಕ ಎಷ್ಟು ಸಣ್ಣದು ಅಂತ ಅರ್ಧ ಗಂಟೆಯಲ್ಲಿ ಗೊತ್ತಾಯ್ತು.

ಹಾಕಿದ್ದು ಬಸ್ಟರ್ ಕೀಟನ್‌ನ ‘ಒನ್ ವೀಕ್’. 1920ರಲ್ಲಿ ಬಂದ ಎರಡು ರೀಲಿನ ಸಿನಿಮಾ. ಕತೆ ಇಷ್ಟೇ: ಹೊಸದಾಗಿ ಮದುವೆಯಾದ ಜೋಡಿಗೆ ಉಡುಗೊರೆಯಾಗಿ ಒಂದು ಸೈಟು, ಒಂದು ಮನೆ ಸಿಗುತ್ತದೆ. ಮನೆ ಅಂದರೆ ಕಟ್ಟಿದ ಮನೆ ಅಲ್ಲ, ಪೆಟ್ಟಿಗೆಗಳಲ್ಲಿ ತುಂಬಿಸಿ ಕಳಿಸಿದ ಮರದ ತುಂಡುಗಳು. ಪೆಟ್ಟಿಗೆ ಮೇಲೆ ಒಂದು, ಎರಡು, ಮೂರು ಅಂತ ನಂಬರು. ನಂಬರಿನ ಪ್ರಕಾರ ಜೋಡಿಸುತ್ತಾ ಹೋದರೆ ಮನೆ ಎದ್ದು ನಿಲ್ಲಬೇಕು. ಹುಡುಗಿ ಒಲ್ಲೆ ಅಂದಿದ್ದ ಇನ್ನೊಬ್ಬ ಗಂಡು ಹೊಟ್ಟೆಕಿಚ್ಚಿಗೆ ಬಂದು ಪೆಟ್ಟಿಗೆಯ ನಂಬರುಗಳನ್ನು ಬಣ್ಣ ಬಳಿದು ತಿದ್ದಿಬಿಡುತ್ತಾನೆ. ಕೀಟನ್ ಮಾತ್ರ ಕಾಗದದಲ್ಲಿ ಬರೆದಂತೆಯೇ ಶ್ರದ್ಧೆಯಿಂದ ಕಟ್ಟುತ್ತಾನೆ. ಎದ್ದು ನಿಲ್ಲುವ ಮನೆ ಹೇಗಿರುತ್ತೆ ಅಂದರೆ ಗೋಡೆ ಓರೆ, ಕಿಟಕಿ ಸೊಟ್ಟ, ಮಾಡು ಮನೆಗೆ ಸಾಲದು, ಬಾಗಿಲು ತೆಗೆದು ಕಾಲಿಟ್ಟರೆ ನೆಲವೇ ಇಲ್ಲ.

ಮಕ್ಕಳು ಅವನು ಬೀಳೋದಕ್ಕೆ ನಕ್ಕರು. ಅಜ್ಜಿ ನಕ್ಕಿದ್ದು ಅದಕ್ಕೂ ಮುಂಚೆ, ಆ ಗಂಡು ನಂಬರು ತಿದ್ದುವಾಗಲೇ. ಸೆರಗನ್ನು ಬಾಯಿಗೆ ಒತ್ತಿಕೊಂಡು, ಉಸಿರು ಸಿಕ್ಕಿಹಾಕಿಕೊಳ್ಳೋ ಹಾಗೆ.

“ಎಂತಾಯ್ತಜ್ಜಿ?”

“ತಡಿ ತಮಾ, ಆಮೇಲೆ ಹೇಳ್ತೀನಿ. ಮೊದ್ಲು ಮನೆ ಎಂತಾಗ್ತದೆ ನೋಡಾಣ.”

ಅಜ್ಜಿ ಹೇಳೋ ಮೊದಲು ನಾನು ಸ್ವಲ್ಪ ಇತಿಹಾಸ ಹೇಳಿಬಿಡುತ್ತೇನೆ. ಯಾಕೆಂದರೆ ಆ ನಗು ಎಲ್ಲಿಂದ ಬಂತು ಅಂತ ಬೆಂಗಳೂರಿಗೆ ವಾಪಸು ಬಂದ ಮೇಲೆ ನಾನು ತಿಂಗಳುಗಟ್ಟಲೆ ಹುಡುಕಿದ್ದೇನೆ.

ಸ್ಲಾಪ್‌ಸ್ಟಿಕ್ ಅನ್ನೋದು ಮೂಲದಲ್ಲಿ ನಿಜವಾದ ಒಂದು ಕೋಲು. ಇಟಲಿಯ ಹಳೇ ಜನಪದ ನಾಟಕಗಳಲ್ಲಿ ಕೋಡಂಗಿಯ ಕೈಯಲ್ಲಿ ಎರಡು ಪಟ್ಟಿ ಜೋಡಿಸಿದ ಕೋಲಿರುತ್ತಿತ್ತು. ಹೊಡೆದರೆ ಪಟ್ಟಿಗೆ ಪಟ್ಟಿ ಬಡಿದು ‘ಫಟಾರ್’ ಅಂತ ದೊಡ್ಡ ಸದ್ದು, ಮೈಗೆ ಪೆಟ್ಟು ಮಾತ್ರ ಕಮ್ಮಿ. ಆ ಕೋಲಿನ ಹೆಸರೇ ಒಂದು ಜಾತಿಯ ಹಾಸ್ಯಕ್ಕೆ ಅಂಟಿಕೊಂಡಿತು. ಸಿನಿಮಾ ಹುಟ್ಟಿದ ವರ್ಷವೇ ಈ ಹಾಸ್ಯವೂ ಅದರೊಳಗೆ ಬಂತು. 1895ರಲ್ಲಿ ಲೂಮಿಯೇರ್ ಸಹೋದರರು ತೋರಿಸಿದ ಒಂದು ನಿಮಿಷಕ್ಕೂ ಕಮ್ಮಿಯ ಚಿತ್ರದಲ್ಲಿ ಮಾಲಿಯೊಬ್ಬ ಪೈಪಿನಲ್ಲಿ ಗಿಡಗಳಿಗೆ ನೀರು ಬಿಡುತ್ತಿರುತ್ತಾನೆ. ಹಿಂದಿನಿಂದ ಪೋರನೊಬ್ಬ ಬಂದು ಪೈಪು ತುಳಿಯುತ್ತಾನೆ. ನೀರು ನಿಲ್ಲುತ್ತದೆ. ಏನಾಯ್ತು ಅಂತ ಮಾಲಿ ಪೈಪಿನ ಬಾಯಿ ನೋಡುತ್ತಾನೆ, ಪೋರ ಕಾಲು ತೆಗೆಯುತ್ತಾನೆ. ನೀರು ಹಾಕುವವನ ಮುಖಕ್ಕೇ ನೀರು.

ಇದನ್ನು ಓದುವಾಗ ನನಗೆ ನಮ್ಮೂರಿನ ಹಿರೇಭಾಸ್ಕರ ಅಣೆಕಟ್ಟು ನೆನಪಾಯಿತು. ಊರವರ ಬಾಯಲ್ಲಿ ಮಡೆನೂರು ಡ್ಯಾಮು. ಜೋಗದ ವಿದ್ಯುದಾಗಾರಕ್ಕೆ ನೀರು ಕೂಡಿಡಲು 1940ರ ದಶಕದಲ್ಲಿ ಶರಾವತಿಗೆ ಅಡ್ಡ ಕಟ್ಟಿದ್ದು. ಅದಕ್ಕೂ ಜಮೀನು, ಮನೆ ಮುಳುಗಿದವು. 1964ರಲ್ಲಿ ಕೆಳಗೆ ಲಿಂಗನಮಕ್ಕಿ ಎದ್ದಾಗ, ಹಿಂದಕ್ಕೆ ಬಂದ ನೀರು ಆ ಡ್ಯಾಮನ್ನೇ ನುಂಗಿತು. ಮುಳುಗಿಸಿದ್ದೇ ಮುಳುಗಿತು. ಬೇಸಿಗೆಯಲ್ಲಿ ನೀರು ತೀರಾ ಇಳಿದರೆ ಅದು ಈಗಲೂ ತಲೆ ಎತ್ತುತ್ತದೆ. ಜನ ನೋಡೋಕೆ ಹೋಗುತ್ತಾರೆ, ಮಳೆ ಬಂದಮೇಲೆ ಮತ್ತೆ ಒಳಗೆ. ಲೂಮಿಯೇರ್ ಮಾಲಿಯ ಕತೆಗೆ ಇಷ್ಟು ದೊಡ್ಡ ಸೆಟ್ಟು ಹಾಲಿವುಡ್ಡಿಗೂ ಸಿಕ್ಕಿರಲಿಕ್ಕಿಲ್ಲ.

ಅಮೆರಿಕದಲ್ಲಿ ಈ ಹಾಸ್ಯವನ್ನು ಬೆಳೆಸಿದ್ದು ಐದು ಸೆಂಟಿನ ಟಿಕೆಟ್ಟಿನ ಪುಟ್ಟ ಚಿತ್ರಮಂದಿರಗಳು. 1905ರ ನಂತರ ಅವು ಊರೂರಿಗೆ ಎದ್ದವು. ಅಲ್ಲಿ ಕೂತವರಲ್ಲಿ ಬೇರೆ ಬೇರೆ ದೇಶಗಳಿಂದ ಹಡಗಿನಲ್ಲಿ ಬಂದಿಳಿದ ಕೂಲಿಗಳು ಬಹಳ. ಇಂಗ್ಲಿಷ್ ಬರದ ಜನ. ಅವರಿಗೆ ಮಾತು ಬೇಕಾಗಿರಲಿಲ್ಲ, ಪೊಲೀಸಪ್ಪ ಜಾರಿ ಬಿದ್ದರೆ ಸಾಕಾಗಿತ್ತು. 1912ರಲ್ಲಿ ಮ್ಯಾಕ್ ಸೆನೆಟ್ ಶುರು ಮಾಡಿದ ಕೀಸ್ಟೋನ್ ಕಂಪನಿ ಪೊಲೀಸರ ಇಡೀ ದಂಡನ್ನೇ ಬೀಳಿಸಿ ಹೆಸರು ಮಾಡಿತು. 1914ರಲ್ಲಿ ಚಾಪ್ಲಿನ್ ಅಲ್ಲಿಂದಲೇ ಹೊರಟ. ಗಮನಿಸಿ, ಈ ಚಿತ್ರಗಳಲ್ಲಿ ಬೀಳುವವರು ಇಬ್ಬರೇ: ಒಂದು ಅಧಿಕಾರ ಇರುವವನು, ಇನ್ನೊಂದು ಅವನು ಹೇಳಿದ್ದನ್ನು ನಂಬಿ ಹಾಗೇ ಮಾಡಿದವನು.

ಕೀಟನ್ ಎರಡನೇ ಜಾತಿಯವನು. ಬಿದ್ದೇ ಬೆಳೆದವನು. ಅಪ್ಪ ಅಮ್ಮ ಇಬ್ಬರೂ ನಾಟಕದ ಕಂಪನಿಯವರು. ರಂಗದ ಮೇಲೆ ಅಪ್ಪ ಈ ಮಗುವನ್ನು ಎತ್ತಿ ಎಸೆಯುವುದೇ ಒಂದು ಐಟಂ. ಹಿಡಿದು ಎಸೆಯಲು ಅನುಕೂಲ ಆಗಲಿ ಅಂತ ಅವನ ಅಂಗಿಯ ಬೆನ್ನಿಗೆ ಸೂಟ್‌ಕೇಸಿನ ಹಿಡಿಕೆ ಹೊಲಿದಿದ್ದರಂತೆ. ತಾನು ನಕ್ಕರೆ ಜನ ನಗುವುದಿಲ್ಲ, ತಾನು ಸುಮ್ಮನಿದ್ದರೆ ಜನ ಜೋರಾಗಿ ನಗುತ್ತಾರೆ ಅನ್ನೋದನ್ನು ಆ ವಯಸ್ಸಿನಲ್ಲೇ ಅವನು ಕಲಿತ. ಆಮೇಲೆ ಪರದೆಯ ಮೇಲೆ ಅವನು ನಕ್ಕದ್ದು ಅಪರೂಪ. “ಪಾಪ, ಎಂಥ ಮೋರೆ ನೋಡು, ಪಹಣಿ ತಗಳಕ್ಕೆ ಕ್ಯೂ ನಿಂತವ್ರ ಹಂಗೆ” ಅಂದಳು ಅಜ್ಜಿ. ಕೀಟನ್ ಬಗ್ಗೆ ನಾನು ಓದಿದ ಯಾವ ವಿಮರ್ಶೆಯೂ ಇದಕ್ಕಿಂತ ಹತ್ತಿರ ಬಂದಿಲ್ಲ.

ಈಗ ಮುಖ್ಯ ವಿಷಯ. ‘ಒನ್ ವೀಕ್’ ಸುಮ್ಮನೆ ಹುಟ್ಟಿದ್ದಲ್ಲ. ಅದಕ್ಕೂ ಹಿಂದಿನ ವರ್ಷ, 1919ರಲ್ಲಿ, ಫೋರ್ಡ್ ಕಂಪನಿ ‘ಹೋಮ್ ಮೇಡ್’ ಅಂತ ಒಂದು ಪ್ರಚಾರದ ಸಾಕ್ಷ್ಯಚಿತ್ರ ಮಾಡಿತ್ತು. ಕಾರ್ಖಾನೆಯಲ್ಲಿ ತಯಾರಾದ ತುಂಡುಗಳನ್ನು ತಂದು ಮನೆ ಜೋಡಿಸುವುದು ಎಷ್ಟು ಸಲೀಸು ಅಂತ ತೋರಿಸುವ ಚಿತ್ರ. ಅದರಲ್ಲೂ ಮದುವೆ, ಅದರಲ್ಲೂ ಫೋರ್ಡ್ ಕಾರು, ಅದರಲ್ಲೂ ದಿನಕ್ಕೊಂದು ಹಾಳೆ ಹರಿಯುವ ಕ್ಯಾಲೆಂಡರು. ಆಗ ಸಿಯರ್ಸ್‌ನಂಥ ಅಂಗಡಿಗಳು ಅಂಚೆಯಲ್ಲಿ ಆರ್ಡರ್ ತಗೊಂಡು ಹೀಗೆ ಇಡೀ ಮನೆ ಮಾರುತ್ತಿದ್ದ ಕಾಲ. ಕೀಟನ್ ಆ ಕಂಪನಿ ಚಿತ್ರದ ಸಾಮಾನನ್ನೆಲ್ಲ ಹಾಗೇ ಎತ್ತಿಕೊಂಡು ಒಂದೇ ಒಂದು ಬದಲಾವಣೆ ಮಾಡಿದ. ನಂಬರು ತಪ್ಪಿದರೆ?

ಸ್ಲಾಪ್‌ಸ್ಟಿಕ್ ಅಂದರೆ ಇದೇ ಅಂತ ನನಗೀಗ ಅನ್ನಿಸುತ್ತದೆ. ಕಾಗದದಲ್ಲಿ ಎಲ್ಲ ಸರಿಯಾಗಿದೆ ಅಂತ ಮೇಲಿನವರು ತೋರಿಸುವ ಒಂದು ಚಿತ್ರ ಇರುತ್ತದೆ. ಅದಕ್ಕೆ ಕೆಳಗಿನವರು ಕೊಡುವ ಉತ್ತರ ಇದು. ಉತ್ತರ ಕೊಡೋಕೆ ಭಾಷಣ ಬೇಕಾಗಿಲ್ಲ. ಹೇಳಿದ ಹಾಗೇ ಮಾಡಿ ತೋರಿಸಿದರೆ ಸಾಕು, ಮನೆ ತಾನೇ ಮಾತಾಡುತ್ತದೆ.

ನಮ್ಮಲ್ಲೂ ಮೇಲಿನವರ ಚಿತ್ರ ಇತ್ತು. ಸರ್ಕಾರದ ಫಿಲ್ಮ್ಸ್ ಡಿವಿಷನ್ 1948ರಲ್ಲಿ ಶುರುವಾಯಿತು. ಅದರ ವಾರ್ತಾಚಿತ್ರಗಳನ್ನು ಟಾಕೀಸಿನಲ್ಲಿ ಮುಖ್ಯ ಸಿನಿಮಾಕ್ಕೂ ಮೊದಲು ಕಡ್ಡಾಯವಾಗಿ ತೋರಿಸುತ್ತಿದ್ದರು. ಅಣೆಕಟ್ಟು, ಕಾರ್ಖಾನೆ, ಉದ್ಘಾಟನೆ. ಅಜ್ಜಿ ಸಾಗರದಲ್ಲಿ ಸಿನಿಮಾಕ್ಕೆ ಹೋದಾಗ ಅಂಥವನ್ನು ನೋಡಿದ್ದಾಳೆ. ಅದರ ಬಗ್ಗೆ ಅವಳದ್ದು ಒಂದೇ ಮಾತು: “ಡ್ಯಾಮಿಂದ ನೀರು ಬಿಡಾದು ತೋರಿಸ್ತಿದ್ರು. ನೀರು ಬರಾದು ತೋರಿಸ್ತಿರ್ಲಿಲ್ಲ.”

ನೀರು ಬಂದದ್ದನ್ನು ಆಮೇಲೆ ನಮ್ಮ ಲೇಖಕರು ಬರೆದರು. ಸಾಗರದ ನಾ. ಡಿಸೋಜ ‘ಮುಳುಗಡೆ’ ಬರೆದರು, ‘ದ್ವೀಪ’ ಬರೆದರು. ‘ದ್ವೀಪ’ವನ್ನು ಗಿರೀಶ ಕಾಸರವಳ್ಳಿ 2002ರಲ್ಲಿ ಸಿನಿಮಾ ಮಾಡಿದರು. ಅವು ನಮ್ಮ ಕಣ್ಣು ತೆರೆಸಿದ ಕೃತಿಗಳು, ಅದರಲ್ಲಿ ಎರಡು ಮಾತಿಲ್ಲ. ಆದರೆ ಅವನ್ನು ಓದಿ, ನೋಡಿ ಬೆಳೆದ ನನ್ನಂಥವರ ತಲೆಯಲ್ಲಿ ಮುಳುಗಡೆಯವರು ಅಂದರೆ ಅಳುವವರು ಅಂತ ಒಂದು ಅಚ್ಚು ಬಿದ್ದುಬಿಟ್ಟಿತ್ತು. ಅವರೂ ತಮ್ಮ ಪಾಡಿಗೆ ತಾವೇ ನಕ್ಕಿರಬಹುದು ಅಂತ ನನಗೆ ಹೊಳೆದಿರಲೇ ಇಲ್ಲ.

ಹೊಳೆಯಬೇಕಿತ್ತು. ಯಕ್ಷಗಾನ ನೋಡಿದ ಜನ ನಾವು. ಅಲ್ಲಿ ರಾಜ ಗ್ರಂಥದ ಭಾಷೆಯಲ್ಲಿ ಮಾತಾಡುತ್ತಾನೆ, ಹಾಸ್ಯಗಾರ ಮಾತ್ರ ನಮ್ಮನೆ ಕನ್ನಡದಲ್ಲಿ ಅದನ್ನು ಕಾಲೆಳೆಯುತ್ತಾನೆ. ಎಡವಿ ಬೀಳುತ್ತಾ ರಾಜನ ಮುಖಕ್ಕೆ ಹೇಳಬೇಕಾದ್ದನ್ನು ಹೇಳಿಬಿಡುತ್ತಾನೆ. ಕಂಪನಿ ನಾಟಕದಲ್ಲೂ ಹಾಗೇ. ಗುಬ್ಬಿ ವೀರಣ್ಣನವರು ಜನರ ಬಾಯಲ್ಲಿ ಉಳಿದದ್ದು ಯಾವ ರಾಜನ ಪಾತ್ರದಿಂದಲೂ ಅಲ್ಲ, ‘ಸದಾರಮೆ’ಯ ಕಳ್ಳನಿಂದ. ಅವರು 1930ರ ದಶಕದ ಮೊದಲಿಗೆ ಬೆಂಗಳೂರಿನಲ್ಲಿ ಮೂಕಿಚಿತ್ರಕ್ಕೂ ಕೈಹಾಕಿದರು. ‘ಹಿಸ್ ಲವ್ ಅಫೇರ್’, ‘ಹರಿಮಾಯೆ’ ಇತ್ಯಾದಿ. ಭಾರತದಲ್ಲಿ ಮೂಕಿಯ ಕಾಲದಲ್ಲಿ 1,300ರಷ್ಟು ಚಿತ್ರಗಳು ತಯಾರಾದವು, ಇವತ್ತು ನೋಡೋಕೆ ಸಿಗೋದು ಬೆರಳೆಣಿಕೆಯಷ್ಟು. ಕನ್ನಡದ ಅಷ್ಟು ದೊಡ್ಡ ಹಾಸ್ಯನಟ ಮಾತಿಲ್ಲದೆ ಹೇಗೆ ನಗಿಸಿದ ಅಂತ ನೋಡುವ ಭಾಗ್ಯ ನಮಗಿಲ್ಲ. ಅದೂ ಒಂದು ಮುಳುಗಡೆಯೇ.

ಹಳ್ಳಿಯವರಿಗೆ ಹೊರಗಿನ ಸಿನಿಮಾ ಅರ್ಥವಾಗುತ್ತಾ ಅನ್ನೋ ಪ್ರಶ್ನೆಗೂ ನಮ್ಮ ತಾಲ್ಲೂಕಿನಲ್ಲೇ ಯಾವಾಗಲೋ ಉತ್ತರ ಸಿಕ್ಕಿತ್ತು. ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣನವರು 1973ರಲ್ಲಿ ನೀನಾಸಮ್ ಚಿತ್ರಸಮಾಜ ಕಟ್ಟಿ, ಅಡಕೆ ತೋಟದ ಜನಕ್ಕೆ ಜಗತ್ತಿನ ದೊಡ್ಡ ದೊಡ್ಡ ಚಿತ್ರಗಳನ್ನು ತೋರಿಸಿದರು. ಇದು ಗೊತ್ತಿದ್ದೂ ನಾನು ಅಜ್ಜಿಯ ಮುಂದೆ ‘ಸುಲಭದ ಸಿನಿಮಾ’ ಹಾಕಿದವನು.

ಸರಿ, ಜಗಲಿಗೆ ವಾಪಸು ಹೋಗೋಣ. ಪರದೆಯ ಮೇಲೆ ಗೃಹಪ್ರವೇಶದ ದಿನ ಬಿರುಗಾಳಿ ಎದ್ದು ಇಡೀ ಮನೆ ಬುಗುರಿಯ ಹಾಗೆ ತಿರುಗಿತು, ನೆಂಟರೆಲ್ಲ ಕಿಟಕಿ ಬಾಗಿಲುಗಳಿಂದ ಹೊರಗೆ ಹಾರಿಬಿದ್ದರು. ಅದಕ್ಕಾಗಿ ಕೀಟನ್ ನಿಜವಾಗಿಯೂ ತಿರುಗುವ ಅಡಿಪಾಯದ ಮೇಲೆ ಮನೆ ಕಟ್ಟಿಸಿದ್ದ. ಮರುದಿನ ಒಬ್ಬ ಬಂದು ಹೇಳುತ್ತಾನೆ, ನೀವು ಮನೆ ಕಟ್ಟಿದ್ದು ತಪ್ಪು ಸೈಟಿನಲ್ಲಿ. ನಂಬರಿನ ಹಲಗೆ ತಲೆಕೆಳಗಾಗಿ ನಿಂತಿದೆ. ತಿರುಗಿಸಿ ನೋಡಿದರೆ 99 ಅಲ್ಲ, 66. ನಿಮ್ಮ ಜಾಗ ರೈಲುಹಳಿಯ ಆಚೆ.

“ಅಯ್ಯೋ ಸರ್ವೆ ನಂಬರು!” ಅಂತ ಅಜ್ಜಿ ಕೂಗಿದಳು. ನಕ್ಕು ನಕ್ಕು ಕಣ್ಣಲ್ಲಿ ನೀರು. ಒಳಗಿದ್ದ ಮಾವ ಗಾಬರಿಯಾಗಿ ಹೊರಗೆ ಬಂದ.

ಆಮೇಲೆ ಹೇಳಿದಳು. ಅವರ ಮನೆ ಬಿಚ್ಚುವಾಗ ಅವಳಿಗೆ ಹದಿನೈದು. ಮನೆ ಮುಳುಗುತ್ತೆ ಅಂದಮೇಲೆ ಮರಮಟ್ಟನ್ನಾದರೂ ಉಳಿಸೋಣ ಅಂತ ಅವಳಪ್ಪ ಹಂಚು ಇಳಿಸಿ, ರೀಪು, ಪಕಾಸು, ತೊಲೆ, ಕಂಬ, ದಾರಂದ ಎಲ್ಲ ಬಿಚ್ಚಿಸಿದ. ಮೇಲೆ ಗುಡ್ಡದಲ್ಲಿ ಅದೇ ಮನೆಯನ್ನು ಹಾಗೇ ಎಬ್ಬಿಸೋದು ಅಂತ ಯೋಚನೆ. ಆಚಾರಿ ಒಂದೊಂದಕ್ಕೂ ಸುಣ್ಣದಲ್ಲಿ ನಂಬರು ಬರೆದ. ಗಾಡಿ ಹೊರಟ ದಿನವೇ ಮಳೆ ಹೊಡೆಯಿತು. ಅರ್ಧಕ್ಕರ್ಧ ನಂಬರು ತೊಳೆದು ಹೋಯಿತು. ಅಪ್ಪ ಬೈಯುತ್ತಾನೆ ಅಂತ ಹೆದರಿ, ಎರಡನೇ ಕ್ಲಾಸಿನಲ್ಲಿದ್ದ ಅವಳ ತಮ್ಮ, ಹೋದ ನಂಬರನ್ನೆಲ್ಲ ತನಗೆ ಬರುವ ಮಗ್ಗಿಯ ಪ್ರಕಾರ ಮತ್ತೆ ಬರೆದಿಟ್ಟ!

“ಆಚಾರಿ ಬಂದು ಕಟ್ಟೇ ಕಟ್ಟಿದ. ನಂಬರು ಇತ್ತಲ್ಲ. ದೇವರಕೋಣೆ ದಾರಂದ ತಂದು ಹೆಬ್ಬಾಗ್ಲಿಗೆ ಕೂರಿಸಿದ. ಅದು ಗಿಡ್ಡ. ಮನೆಗೆ ಬಂದವ್ರೆಲ್ಲ ‘ದಢ್’ ಅಂತ ಹಣೆ ಹೊಡ್ಸಿಕಳಾದು. ಪರಿಹಾರದ ಲೆಕ್ಕ ಕೇಳಕ್ಕೆ ಒಬ್ಬ ಸಾಹೇಬ ಬಂದಿದ್ದ. ‘ಎಲ್ಲ ಸರಿಯಾಗಿ ಸಿಕ್ಕಿದೆ ಅಲ್ವಾ’ ಅಂತ ಕೇಳ್ತಾ ಒಳಗೆ ಬಂದ ನೋಡು, ದಢ್! ಟೊಪ್ಪಿ ಅಂಗಳದಲ್ಲಿ. ಅವತ್ತು ಅಪ್ಪಯ್ಯ ಒಳಗೆ ಹೋಗಿ ಅಕ್ಕಿ ಮುಡಿ ತಬ್ಬಿಕಂಡು ನಕ್ಕಿದ್ದ. ಊರು ಬಿಟ್ಟಮೇಲೆ ಅವ ನಕ್ಕಿದ್ದು ಅದೇ ಮೊದ್ಲು.”

ಆ ಬಾಗಿಲು ಈಗಲೂ ಇದೆ. ನಾನೂ ಹಣೆ ಬಡಿಸಿಕೊಂಡೇ ದೊಡ್ಡವನಾದದ್ದು. ಹಳೇ ಕಾಲದ ಮನೆ, ತಲೆ ತಗ್ಗಿಸಿ ಒಳಗೆ ಬರಲಿ ಅಂತ ಹಿರಿಯರು ಬೇಕೆಂದೇ ಗಿಡ್ಡ ಇಟ್ಟಿದ್ದಾರೆ ಅಂತ ಗೆಳೆಯರಿಗೆಲ್ಲ ವಿವರಿಸಿದ್ದೆ!

ಸಿನಿಮಾ ಇನ್ನೂ ಮುಗಿದಿರಲಿಲ್ಲ. ಕೀಟನ್ ದಂಪತಿ ಮನೆಯನ್ನು ಕಾರಿಗೆ ಕಟ್ಟಿ ಎಳೆಯುತ್ತಾರೆ. ಮನೆ ಸರಿಯಾಗಿ ರೈಲುಹಳಿಯ ಮೇಲೆ ಬಂದು ಸಿಕ್ಕಿಕೊಳ್ಳುತ್ತದೆ. ರೈಲು ಬರುತ್ತದೆ. ಇಬ್ಬರೂ ಕಣ್ಣು ಮುಚ್ಚಿಕೊಳ್ಳುತ್ತಾರೆ. ರೈಲು ಪಕ್ಕದ ಹಳಿಯಲ್ಲಿ ಹಾದು ಹೋಗುತ್ತದೆ. ಅಬ್ಬಾ ಅನ್ನುವಷ್ಟರಲ್ಲಿ ಆ ಕಡೆಯಿಂದ ಇನ್ನೊಂದು ರೈಲು ಬಂದು ಮನೆಯನ್ನು ಪುಡಿಪುಡಿ ಮಾಡುತ್ತದೆ. ಮಕ್ಕಳು ಕೇಕೆ ಹಾಕಿದರು. ಅಜ್ಜಿ ನಗಲಿಲ್ಲ.

“ಅದು ನಿಜವಾದ ಮನೆಯನಾ?”

ಹೌದು, ನಿಜವಾದ ಮನೆ, ನಿಜವಾದ ರೈಲು ಅಂದೆ. ಕೀಟನ್ ಇಂಥದ್ದರಲ್ಲಿ ಮೋಸ ಮಾಡುತ್ತಿರಲಿಲ್ಲ. 1928ರ ‘ಸ್ಟೀಮ್‌ಬೋಟ್ ಬಿಲ್ ಜೂನಿಯರ್’ನಲ್ಲಿ ಮನೆಯ ಇಡೀ ಮುಂಗೋಡೆ ಅವನ ಮೇಲೆ ಬೀಳುತ್ತದೆ, ಸರಿಯಾಗಿ ಕಿಟಕಿಯ ಜಾಗದಲ್ಲಿ ನಿಂತದ್ದಕ್ಕೆ ಬದುಕುತ್ತಾನೆ. ಅದೂ ನಿಜವಾದ ಭಾರದ ಗೋಡೆ, ಕೆಲವೇ ಅಂಗುಲದ ಅಂತರ. ಇದನ್ನೆಲ್ಲ ಹೇಳಿದೆ. ಅಜ್ಜಿ ಕೇಳಿಸಿಕೊಂಡಳೋ ಇಲ್ಲವೋ. ಪರದೆಯಲ್ಲಿ ಕೀಟನ್ ಆ ಮರದ ರಾಶಿಯ ಮೇಲೆ ‘ಮಾರಾಟಕ್ಕಿದೆ’ ಅಂತ ಹಲಗೆ ನಿಲ್ಲಿಸಿದ. ಎರಡು ಹೆಜ್ಜೆ ಹೋದವನು ವಾಪಸು ಬಂದು, ಮನೆ ಕಟ್ಟುವ ಸೂಚನೆಯ ಕಾಗದವನ್ನೂ ಅದಕ್ಕೆ ಸಿಕ್ಕಿಸಿ, ಹೆಂಡತಿಯ ಕೈ ಹಿಡಿದು ಹೊರಟ.

“ಕಾಗ್ದ ಬಿಟ್ಟು ಹೋದ” ಅಂದಳು ಅಜ್ಜಿ. “ಪುಣ್ಯಾತ್ಮ.”

ನಮ್ಮನೆಯವರಿಗೆ ಕಾಗದ ಬಿಟ್ಟು ಹೋಗೋಕಾಗಿಲ್ಲ. ಮುಳುಗಡೆಯವರ ಎಷ್ಟೋ ಮನೆಗಳ ಹಾಗೆ ನಮ್ಮದಕ್ಕೂ ನಿಂತ ಜಾಗದ ಹಕ್ಕುಪತ್ರ ಇನ್ನೂ ಆಗಿಲ್ಲ. ಒಂದು ಕಾಗದದಲ್ಲಿ ಒಂದು ಸರ್ವೆ ನಂಬರು, ನಕ್ಷೆಯಲ್ಲಿ ಇನ್ನೊಂದು, ಮೂರನೇ ಕಡೆ ಆ ಜಾಗ ಕಾಡು. ಅರವತ್ತು ವರ್ಷ ವಾಸ ಮಾಡಿದ ಅಜ್ಜಿ, ಒಂದು ಕಾಗದದ ಪ್ರಕಾರ, ಅಲ್ಲಿ ಇಲ್ಲವೇ ಇಲ್ಲ. ಮಾವನ ಅರ್ಧ ಆಯಸ್ಸು ಈ ಫೈಲಿನಲ್ಲಿ ಹೋಗಿದೆ. ಆ ಫೈಲಿನ ವಿಷಯ ಬಂದರೆ ಮನೆಯಲ್ಲಿ ಯಾರೂ ಜೋರಾಗಿ ಮಾತಾಡುವುದಿಲ್ಲ.

ಮರುದಿನ ಬೆಳಿಗ್ಗೆ ಮಾವ ಸಾಗರಕ್ಕೆ ಹೊರಟಿದ್ದ. ಜಗಲಿಯಲ್ಲಿ ಫೈಲು ಬಿಚ್ಚಿ, ನಕ್ಷೆ ಹರಡಿಕೊಂಡು, ಕನ್ನಡಕ ಹಾಕಿ ತೆಗೆದು ಮಾಡುತ್ತಿದ್ದ. ಅಜ್ಜಿ ಕಾಫಿ ತಂದು ಪಕ್ಕದಲ್ಲಿಟ್ಟಳು. ಸ್ವಲ್ಪ ಹೊತ್ತು ನಕ್ಷೆ ನೋಡಿದಳು.

“ಒಂದ್ಸಲ ತಲೆಕೆಳಗೆ ಹಿಡಿದು ನೋಡು ಮಾರಾಯಾ.”

ಮಾವ ತಲೆ ಎತ್ತಿ ನಮ್ಮಿಬ್ಬರ ಮುಖ ನೋಡಿದ. ಬೈಯುತ್ತಾನೆ ಅಂದುಕೊಂಡೆ. ನಕ್ಷೆ ಎತ್ತಿ, ನಿಧಾನಕ್ಕೆ ತಿರುಗಿಸಿ ಹಿಡಿದು, ಒಂದು ಕ್ಷಣ ನಿಜವಾಗಿಯೂ ಓದಿದ. ಆಮೇಲೆ ಅವನಿಗೂ ತಡೆಯೋಕಾಗಲಿಲ್ಲ. ನಗುತ್ತಲೇ ಫೈಲು ಕಟ್ಟಿ, ಚೀಲಕ್ಕೆ ಹಾಕಿ, ಎದ್ದು ಹೊರಟ. ಬಾಗಿಲಲ್ಲಿ ಹಣೆ ಬಡಿಯಿತು.